ಕಪಾಟಿನ ಬಾಗಿಲು

ಬಾಲ್ದೊಮೇರೊ, ಅಂದು ನೀನು ಬಗ್ಗಿದ್ದು
ಬಿದ್ದ ಚಮಚ ಹೆಕ್ಕುವುದಕ್ಕೆ.
ಎದ್ದೆ. ಠಣ್ ಅಂತು ತಲೆ.
ನಾನು ನಕ್ಕೆ, ನೀನೂ ನಕ್ಕೆ.
ಈರುಳ್ಳಿ ಹೆಚ್ಚಿದ ಕೈಯಲ್ಲೇ ನೆತ್ತಿ ಸವರಿದೆ ನಾನು.
ಊದಿದ್ದು ಮೊದಲು ನೇರಳೆ, ಆಮೇಲೆ ಹಸಿರು,
ಆಮೇಲೆ ಹಳೇ ಬೆಣ್ಣೆಯ ಹಳದಿ,
ಎರಡು ವಾರಕ್ಕೆ ಏನೂ ಇಲ್ಲ.
ಚರ್ಮ ತನ್ನ ಲೆಕ್ಕ ಚುಕ್ತಾ ಮಾಡಿತ್ತು.
ಒಳಗೆ ಸಾಲ ಬೆಳೆಯುತ್ತಿತ್ತು.

ವಾಲ್ಪರೈಸೊದ ಈ ಗುಡ್ಡಕ್ಕೆ ಜನರನ್ನು ಏರಿಸಿ ಇಳಿಸುವ
ಹಗ್ಗದ ರೈಲಿಗೆ ಮೂವತ್ತೆಂಟು ವರ್ಷ ಎಣ್ಣೆ ಬಿಟ್ಟವನು ನೀನು,
ಹಾಸಿಗೆಯಲ್ಲಿ ಮಲಗಿಕೊಂಡೇ ಕಿರುಗುಟ್ಟು ಕೇಳಿ
‘ಮೇಲಿನಿಂದ ಮೂರನೇ ರಾಟೆ’ ಎನ್ನುತ್ತಿದ್ದವನು.
ಐದನೇ ವಾರ ಸ್ವೆಟರನ್ನು ಒಳಮೈ ಹೊರಗೆ ಮಾಡಿ ತೊಟ್ಟೆ.
ಚಹಾದ ಪಾತ್ರೆ ಎರಡು ಸಲ ಸೀದಿತು.
ನನ್ನ ಹೆಸರಿಗೆ ತಡಕಾಡಿ
‘ಆ… ಆ ಇದು’ ಎಂದೆ.
ಬಲಗಾಲು ಮೆಟ್ಟಿಲಿನ ಅಂಚಿಗೆ ತಾಗಿ ತಾಗಿ ಬಂತು.
ರೇಗಿ ಬೈದೆ ನಾನು:
ಅರವತ್ತಕ್ಕೇ ಅರಳು ಮರಳಂತೆ, ನಿನಗೆ ಎಪ್ಪತ್ತಾರು!
ಪಕ್ಕದ ಮನೆಯ ಓಡಿಲಿಯಾ ತಲೆಯಾಡಿಸಿದಳು,
‘ಎಲ್ಲರ ಮನೆಯಲ್ಲೂ ಇದೇ.’
ಆ ರಾತ್ರಿ ಗಾಲಿಯ ಸದ್ದು ಕೇಳಿ
ನೀನು ‘ಮಳೆ’ ಎಂದೆ.
ಆಗ ನನಗೆ ಹೆದರಿಕೆಯಾಯಿತು.

ಡಾಕ್ಟರ್ ಪೈಯಾಲೆಫ್ ಇನ್ನೂ ಚಿಕ್ಕ ಹುಡುಗಿ,
ಉಗುರು ಕಚ್ಚಿಕೊಳ್ಳುವವಳು.
ಪರದೆಯ ಮೇಲೆ ನಿನ್ನ ಮೆದುಳು ತೋರಿಸಿದಳು:
ಎಡಪಕ್ಕದಲ್ಲಿ ಬೂದುಬಣ್ಣದ ಕರ್ಬೂಜದ ಹೋಳೊಂದು
ಉಳಿದದ್ದನ್ನೆಲ್ಲ ಗೋಡೆಗೆ ಒತ್ತಿ ಕೂತಿತ್ತು.
‘ಬಿದ್ದಿದ್ದರೇ? ಎಲ್ಲಾದರೂ ಪೆಟ್ಟು?’
ಇಲ್ಲ, ಅಂದೆ.
ಕಪಾಟಿನ ಬಾಗಿಲು ತೆರೆದಿಟ್ಟವಳು ನಾನೇ ಎಂಬ ಮಾತು
ಗಂಟಲಲ್ಲಿ ಹೆಪ್ಪುಗಟ್ಟಿತು.

ಅವಳು ಹೇಳಿದಳು: ವಯಸ್ಸಾದಂತೆ ಮೆದುಳು ಕುಗ್ಗುತ್ತದೆ,
ಬುರುಡೆ ಕುಗ್ಗುವುದಿಲ್ಲ.
ನಡುವಿನ ನಾಳಗಳು ನೂಲಿನ ಹಾಗೆ ಬಿಗಿದು ನಿಲ್ಲುತ್ತವೆ.
ಒಂದು ಹರಿದರೆ ಸಾಕು, ತೊಟ್ಟು, ತೊಟ್ಟು,
ವಾರಗಟ್ಟಲೆ. ಅದರ ಮೇಲೆ
ರಕ್ತ ತೆಳುಮಾಡುವ ಈ ಮಾತ್ರೆ.
‘ಮಾತ್ರೆ ಕೊಟ್ಟವರೂ ನೀವೇ’ ಅಂದೆ.
‘ಹೌದು, ಎದೆಯಲ್ಲಿ ನೆತ್ತರು ಗಡ್ಡೆಯಾಗಬಾರದು ಅಂತ ಕೊಟ್ಟೆವು.
ತಲೆಯಲ್ಲಿ ಅದೇ ನೆತ್ತರು ನಿಲ್ಲಲಿಲ್ಲ.’
ಸ್ಟ್ರೆಚರಿನ ಮೇಲಿಂದ, ಯಾರೂ ಕೇಳದೆ, ನೀನು:
‘ಒಂದು ಡಬ್ಬಿ ಏರಿದರೆ ಇನ್ನೊಂದು ಇಳಿಯುತ್ತೆ.’
ಆ ವಾರ ನೀನಾಡಿದ ಪೂರ್ತಿ ವಾಕ್ಯ
ಅದೊಂದೇ.

ಬೋಳಿಸಿದ ತಲೆಗೆ ಎರಡು ತೂತು.
ಮಂಚದ ಕೆಳಗೆ ತೂಗುವ ಚೀಲಕ್ಕೆ
ಕೊಳವೆಯಲ್ಲಿ ಇಳಿಯುತ್ತಿತ್ತು. ಅದನ್ನು ನೆತ್ತರು ಎನ್ನಲು
ನನಗೆ ಮನಸ್ಸು ಬರಲಿಲ್ಲ.
ಕೆಂಪಲ್ಲ, ದಪ್ಪವಲ್ಲ; ಕಪ್ಪು, ನೀರು ನೀರು.
ಬೆಳಗ್ಗೆ ಕಣ್ಣು ಬಿಟ್ಟವನು ಮೊದಲು ನೋಡಿದ್ದು ಚೀಲವನ್ನು,
ಸುಟ್ಟ ಎಣ್ಣೆ ನೋಡುವ ಮೆಕ್ಯಾನಿಕ್ಕಿನ ಮುಖದಲ್ಲಿ.
‘ಎಷ್ಟು ದಿನದಿಂದ ಬದಲಿಸಿಲ್ಲ ಇದನ್ನ?’
ಆಮೇಲೆ ನನ್ನನ್ನು.
‘ಎರ್ಮೆಲಿಂದಾ, ನಿನ್ನ ಕೋಟಿನ ಗುಂಡಿ
ಒಂದು ಮನೆ ತಪ್ಪಿದೆ.’
ವಾರ್ಡಿನ ಕಿಟಕಿಯ ಕಡೆ ತಿರುಗಿ
ಎಲ್ಲ ಬಿಚ್ಚಿ ಮತ್ತೆ ಹಾಕಿಕೊಂಡೆ, ಬಹಳ ಹೊತ್ತು.

ಮನೆಗೆ ಬಂದ ನಾಲ್ಕನೇ ದಿನ
ಮೀನು ತರಲು ಬಂದರಿನ ತನಕ ಹೋಗಿ ಬಂದೆ.
ಕಪಾಟಿಗೆ ಬಾಗಿಲಿರಲಿಲ್ಲ.
ಗೋಡೆಗೆ ಒರಗಿಸಿಟ್ಟಿದ್ದೆ ನೀನು;
ತಿರುಪುಗಳು ಚಹಾದ ತಟ್ಟೆಯಲ್ಲಿ,
ಉದ್ದದವು ಒಂದು ಕಡೆ, ಗಿಡ್ಡದವು ಒಂದು ಕಡೆ.
ತಲೆಗೆ ಉಣ್ಣೆಯ ಟೋಪಿ, ಕೈಯಲ್ಲಿ ಲೋಟ,
ಕಣ್ಣು ಕೆಳಗಿನ ಕಡಲಿನ ಕಡೆ.
‘ಒಳಗೆ ಸ್ವಲ್ಪ ಬೆಳಕಾಗಲಿ ಅಂತ’ ಎಂದೆ.
ನಾನು ನಲ್ಲಿಯನ್ನು ಜೋರಾಗಿ ಬಿಟ್ಟು
ಮೀನಿನ ಪೊರೆ ಕೆರೆಯತೊಡಗಿದೆ.

ಈಗ ಶನಿವಾರ ಶನಿವಾರ
ಲೋಟಗಳ ಮೇಲಿನ ದೂಳು ಒರೆಸುತ್ತೇನೆ.